ಸತ್ತು ಮನೆಗೆ ಬರುತ್ತಿದ್ದ ಮಾವ

ಹರಪನಹಳ್ಳಿ

ಇದರಲ್ಲಿ ಕೆಲವು ಸಂಗತಿಗಳು ತಪ್ಪಾಗಿರಬಹುದು. ಹೋಗಿಬಂದು ತಿಂಗಳುಗಳಾದವು. ಅಲ್ಲಿದ್ದಾಗ ಸಂಜೆ ಸಂಜೆ ಡೈರಿ ಬರೆಯುತ್ತಿದ್ದೆ, ಆದರೆ ಅದಕ್ಕೂ ನನ್ನ ನೆನಪಿಗೂ ಎಷ್ಟೋ ಕಡೆ ಹೊಂದುವುದಿಲ್ಲ. ವರ್ಷದ ಪೂಜೆಯ ದಿನ ಮಳೆ ಇತ್ತೆಂದು ಡೈರಿ ಹೇಳುತ್ತದೆ. ನನ್ನ ಕಣ್ಣಿಗೆ ಕಟ್ಟಿರುವುದು ಎದುರುಮನೆಯ ಗೋಡೆಯ ಮೇಲಿನ ಎಳೆಬಿಸಿಲು. ಜಪಾನಿ ಮಾತುಗಳೆಲ್ಲ ಅಕ್ಕನ ಬಾಯಿಂದಲೋ ಭಾವನ ಹರಕು ಇಂಗ್ಲಿಷಿನಿಂದಲೋ ನನಗೆ ದಾಟಿಬಂದವು. ದಾಟುವಾಗ ಏನೇನು ಉದುರಿತೋ ಹೇಳಲಾರೆ.

ಯಾಕೆ ಹೋದೆ ಎನ್ನುವುದರಲ್ಲಿ ಮಾತ್ರ ಅನುಮಾನವಿಲ್ಲ. ಅಪ್ಪ ಕಳಿಸಿದ.

ನನ್ನ ಅಕ್ಕ ಸುಜಾತಾ ದಾವಣಗೆರೆಯಲ್ಲಿ ನರ್ಸಿಂಗ್ ಓದಿ, ಮುದುಕರನ್ನು ನೋಡಿಕೊಳ್ಳುವ ಕೆಲಸಕ್ಕೆಂದು ಜಪಾನಿನ ಕ್ಯೋಟೋ ನಗರಕ್ಕೆ ಹೋದವಳು. ಅಲ್ಲಿನ ಆರೈಕೆ ಕೇಂದ್ರದಲ್ಲಿ ಒಬ್ಬ ಹಿರಿಯ ಹೆಂಗಸನ್ನು ಕೊನೆಯವರೆಗೆ ನೋಡಿಕೊಂಡಳು. ಆಮೇಲೆ ಆಕೆಯ ಮಗನನ್ನೇ ಮದುವೆಯಾದಳು. ಅವಳ ಮಾವ ಸಿನಿಮಾ ಮತ್ತು ಟೀವಿಯಲ್ಲಿ ಸಣ್ಣ ಪಾತ್ರಗಳನ್ನು ಮಾಡುತ್ತಿದ್ದ ನಟ. ಹೋದ ವರ್ಷದ ಚಳಿಗಾಲದಲ್ಲಿ ಅಪ್ಪನ ಹೃದಯಕ್ಕೆ ಸ್ಟೆಂಟ್ ಹಾಕಿಸಿದಾಗ ಅಕ್ಕ ಬಂದಿದ್ದಳು. ಹೊರಡುವ ಹೊತ್ತಿಗೆ ಅಪ್ಪ, ಇನ್ನೊಂದು ವಾರ ಇದ್ದು ಹೋಗವ್ವಾ ಅಂದ. ಅವಳು ಟಿಕೆಟ್ ಮುಂದಕ್ಕೆ ಹಾಕಿಸಿದಳು. ಆ ವಾರದಲ್ಲೇ ಅತ್ತ ಮಾವ ತೀರಿಕೊಂಡರು. ಅವಳು ಮುಟ್ಟುವಷ್ಟರಲ್ಲಿ ದಹನವೂ ಮುಗಿದಿತ್ತು.

ಅಂದಿನಿಂದ ಅಕ್ಕ ಅಪ್ಪನೊಡನೆ ಮಾತಾಡಿಲ್ಲ. ನನ್ನ ಫೋನ್ ಎತ್ತುತ್ತಾಳೆ, ಔಷಧಿ ಸರಿಯಾಗಿ ತಗೊಳ್ತಾನಾ ಎಂದು ಕೇಳುತ್ತಾಳೆ. ಅಪ್ಪನ ಕೈಗೆ ಕೊಡುತ್ತೇನೆ ಅಂದ ಕೂಡಲೇ ಡ್ಯೂಟಿಗೆ ಹೊತ್ತಾಯಿತು ಅನ್ನುತ್ತಾಳೆ. ನಾನು ಕೊಟ್ಟೂರಿನ ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿ. ರಜೆ ಹೊಂದಿಸಿಕೊಂಡು ಮಾವನ ವರ್ಷದ ಪೂಜೆಗೆ ಹೊರಟಾಗ ಅಪ್ಪ ಬಸ್‌ಸ್ಟ್ಯಾಂಡಿನವರೆಗೆ ಬಂದ. ಬಸ್ಸು ಬಂದ ಮೇಲೆ ಹೇಳಿದ: "ಆಕೀಗೆ ನನ್ನ ಮ್ಯಾಲೆ ಸಿಟ್ಟೈತೇನು, ಅಷ್ಟು ಕೇಳ್ಕಂಡು ಬಾ. ಐತಿ ಅಂದ್ರೂ ಚಿಂತಿಲ್ಲ. ನನಗ ಗೊತ್ತಾಗ್ಬೇಕು, ಅಷ್ಟ."

ಒಸಾಕಾ ವಿಮಾನ ನಿಲ್ದಾಣ

ನನ್ನ ಚೀಲದ ಮುಕ್ಕಾಲು ಭಾಗ ಮಂಡಕ್ಕಿ. ತೂಕವಿಲ್ಲದ್ದು, ಅಕ್ಕನಿಗೆ ಇಷ್ಟದ್ದು. ತಪಾಸಣೆಯವನೊಬ್ಬ ಆ ಪೊಟ್ಟಣವನ್ನು ಹೊರಗೆ ತೆಗೆದು, ಮೆಲ್ಲಗೆ ಒತ್ತಿ, ಕಿವಿಯ ಹತ್ತಿರ ಹಿಡಿದು ಆಲಿಸಿದ. ಇನ್ನೊಬ್ಬನನ್ನು ಕರೆದ. ಅವನೂ ಆಲಿಸಿದ. ನನಗೆ ಬೇರೇನೂ ತೋಚದೆ ಪೊಟ್ಟಣ ಬಿಚ್ಚಿ ಒಂದು ಹಿಡಿ ಬಾಯಿಗೆ ಹಾಕಿಕೊಂಡು ಜಗಿದು ತೋರಿಸಿದೆ. ಇಬ್ಬರೂ ಸೊಂಟ ಬಗ್ಗಿಸಿ ನಮಸ್ಕರಿಸಿದರು. ನಾನು ತುಂಬಿದ ಬಾಯಲ್ಲೇ ಬಗ್ಗಿದೆ, ನಾಲ್ಕು ಮಂಡಕ್ಕಿ ಅವರ ಮೇಜಿನ ಮೇಲೆ ಉದುರಿದವು. ಅವರು ಅದನ್ನು ಒರೆಸಿದ್ದು ನಾನು ತಿರುಗಿದ ಮೇಲೆ.

ಹೊರಗೆ ಅಕ್ಕ ಕಪ್ಪು ಕೋಟಿನಲ್ಲಿ ನಿಂತಿದ್ದಳು. ಅಪ್ಪಿಕೊಳ್ಳಲಿಲ್ಲ. "ಸೊರಗಿಯಲ್ಲಲೇ ಗೌತಮಿ," ಅಂದಳು. ನಾನು ಸೊರಗಿರಲಿಲ್ಲ, ಅವಳು ಸೊರಗಿದ್ದಳು.

ರೈಲಿನಲ್ಲಿ ಅವಳು ಕೊಟ್ಟೂರಿನ ರಸ್ತೆ ಆಯಿತಾ ಎಂದು ಕೇಳಿದಳು, ನನ್ನ ವಿದ್ಯಾರ್ಥಿನಿಯರ ಬಗ್ಗೆ ಕೇಳಿದಳು, ಓಣಿಯ ಕೊನೆಯ ಮೆಕ್ಯಾನಿಕ್ ಸಾಬರ ಅಂಗಡಿ ಇನ್ನೂ ಅಲ್ಲೇ ಇದೆಯಾ ಎಂದು ಕೇಳಿದಳು. ಅಪ್ಪನನ್ನು ಕೇಳಲಿಲ್ಲ. ಡಬ್ಬಿಯಲ್ಲಿ ಅಷ್ಟು ಜನರಿದ್ದರೂ ನಮ್ಮಿಬ್ಬರದೇ ದನಿ. ನಮ್ಮ ಕಡೆಯ ಬಸ್ಸಿನಲ್ಲಾದರೆ ಹರಪನಹಳ್ಳಿ ದಾಟುವಷ್ಟರಲ್ಲಿ ಪಕ್ಕದವರ ಮಗಳ ಮದುವೆ ಎಲ್ಲಿಗೆ ಬಂತು ಎಂದು ತಿಳಿದಿರುತ್ತದೆ. ಇಲ್ಲಿ ಎದುರಿಗಿದ್ದ ಹೆಂಗಸು ನಿದ್ದೆಯಲ್ಲೂ ಕೈಚೀಲವನ್ನು ನೆಟ್ಟಗೆ ಹಿಡಿದಿದ್ದಳು. ಈ ಮೌನದಲ್ಲಿ ಅಪ್ಪನ ಪ್ರಶ್ನೆಯನ್ನು ಕೇಳುವುದು ಹೇಗೆ? ನಾಳೆ ಕೇಳಿದರಾಯಿತು ಅಂದುಕೊಂಡೆ. ಮರುದಿನವೂ ಹಾಗೇ ಅಂದುಕೊಂಡೆ.

ದೊಡ್ಡ ಕೋಣೆಯವರು

ಮಾವನ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ತೆರೆಯ ಮೇಲೂ ಎಷ್ಟೋ ಸಲ ಬರೆದಿರಲಿಲ್ಲ.

ಅಕ್ಕ ಡ್ಯೂಟಿಗೆ ಹೋದಾಗ ತಕಾಶಿ ಭಾವ ನನಗೆ ತನ್ನ ಅಪ್ಪನ ಹಳೆಯ ಟೇಪುಗಳನ್ನು ಹಾಕಿ ತೋರಿಸಿದ. ಭಾವ ರೈಲ್ವೆ ಕಚೇರಿಯಲ್ಲಿ ಗುಮಾಸ್ತ, ಮಾತು ಕಡಿಮೆ. ಅವನಿಗೆ ಬರುವ ಕನ್ನಡವೆಂದರೆ "ಊಟ ಆಯಿತಾ". ಬೆಳಿಗ್ಗೆ ಎದ್ದ ತಕ್ಷಣವೂ ಅದನ್ನೇ ಕೇಳುತ್ತಾನೆ, ನಾನು ಆಯಿತು ಅನ್ನುತ್ತಿದ್ದೆ.

ಮಾವ ಉತ್ತರದ ಒಂದು ಮೀನುಗಾರರ ಊರಿನವರು. ಸಾರ್ವಜನಿಕ ಸ್ನಾನಗೃಹದಲ್ಲಿ ಒಲೆಗೆ ಸೌದೆ ಒಟ್ಟುತ್ತಿದ್ದವರ ಮಗ. ಹುಡುಗುತನ ಮುಗಿಯುವ ಮೊದಲೇ ಕ್ಯೋಟೋಕ್ಕೆ ಬಂದು ಸ್ಟುಡಿಯೋ ಸೇರಿದರು. ಅಲ್ಲಿ ನಾಯಕರಿಗೆ ಒಬ್ಬೊಬ್ಬರಿಗೂ ಒಂದೊಂದು ಕೋಣೆ. ಉಳಿದವರಿಗೆಲ್ಲ ಸೇರಿ ಒಂದೇ ದೊಡ್ಡ ಕೋಣೆ, ಗೋಡೆಯುದ್ದಕ್ಕೂ ಕನ್ನಡಿ. ಅಂಥ ನಟರಿಗೆ ಅಲ್ಲಿ ದೊಡ್ಡ ಕೋಣೆಯವರು ಎಂದೇ ಹೆಸರು. ಮೊದಲ ಪಾತ್ರ ಪಲ್ಲಕ್ಕಿ ಹೊರುವವನದು. ಭಾವ ಟೇಪು ನಿಲ್ಲಿಸಿ ಒಂದು ಮೊಣಕಾಲನ್ನು ಬೆರಳಿಟ್ಟು ತೋರಿಸಿದ. ಅದು ಅವರ ಮೊಣಕಾಲು. ಆಮೇಲೆ ಕಾವಲುಗಾರ, ಕಳ್ಳ, ಜೂಜುಕೋರ. ಆಮೇಲೆ ಅವರು ಸಾಯುವುದನ್ನು ಕಲಿತರು.

ಹಳೆಯ ಕಾಲದ ಕತ್ತಿವರಸೆಯ ಧಾರಾವಾಹಿಗಳಲ್ಲಿ ನಾಯಕನ ಕೈಯಲ್ಲಿ ಕಡಿಸಿಕೊಂಡು ಬೀಳುವುದಕ್ಕೆಂದೇ ನಟರಿರುತ್ತಾರೆ. ಅವರನ್ನು ಕರೆಯಲು ಒಂದು ಮಾತಿದೆ, ಕಿರಾರೆಯಾಕು, ಕಡಿಸಿಕೊಳ್ಳುವ ಪಾತ್ರ. ಮಾವ ಬದುಕಿನ ಬಹುಭಾಗ ಅದನ್ನೇ ಮಾಡಿದರು. ಒಂದೇ ಕಂತಿನಲ್ಲಿ ಮೊದಲು ಬೀದಿಯ ಪುಂಡನಾಗಿ ಸತ್ತು, ಟೋಪನ್ ಬದಲಿಸಿ ಬಂದು, ಕೊನೆಯಲ್ಲಿ ಸಾಹುಕಾರನ ಅಂಗರಕ್ಷಕನಾಗಿ ಮತ್ತೆ ಸಾಯುತ್ತಿದ್ದರು. ಭಾವ ಚಿಕ್ಕವನಿದ್ದಾಗ ಶಾಲೆಯ ಹುಡುಗರು ಇವನ ಮುಂದೆ ಬಿದ್ದು ಸಾಯುವ ಆಟ ಆಡುತ್ತಿದ್ದರಂತೆ. ಅದನ್ನು ಹೇಳಿ ಅವನು ನಕ್ಕ. ನಾನೂ ನಗಬೇಕೆ ಎಂದು ತಿಳಿಯಲಿಲ್ಲ.

ನಮ್ಮ ತಾತ ನೀಲಗುಂದದ ಬಯಲಾಟಕ್ಕೆ ಹಲಗೆ ಬಾರಿಸಲು ಹೋಗುತ್ತಿದ್ದ. ಅಟ್ಟದ ಕೆಳಗೆ ನಿಂತು ಬಾರಿಸುವುದಷ್ಟೇ, ಅಟ್ಟ ಹತ್ತಿದವನಲ್ಲ, ನಮ್ಮವರನ್ನು ಹತ್ತಿಸುತ್ತಿರಲಿಲ್ಲ. ರಾಕ್ಷಸನ ಪಾತ್ರದವನು ಸತ್ತು, ಪರದೆಯ ಹಿಂದೆ ತೆವಳಿ ಹೋಗಿ, ಬೀಡಿ ಕೊಡೋ ಎಂದು ತಾತನನ್ನೇ ಕೇಳುತ್ತಿದ್ದನಂತೆ. ಇದನ್ನು ನಾನು ಭಾವನಿಗೆ ಹೇಳಿದೆ. ಅವನು ಗಂಭೀರವಾಗಿ ಕೇಳಿ, ತನ್ನ ಅಪ್ಪನೂ ಸತ್ತ ಮೇಲೆ ಸಿಗರೇಟು ಸೇದುತ್ತಿದ್ದರು ಅಂದ.

ಮಾತಿರುವ ಪಾತ್ರ ಅಂತ ಸಿಕ್ಕಿದ್ದು ಒಂದೇ. ಪೊಲೀಸ್ ಧಾರಾವಾಹಿಯೊಂದರಲ್ಲಿ ತಳ್ಳುಗಾಡಿಯ ನೂಡಲ್ಸ್ ಅಂಗಡಿಯವ. ಇನ್‌ಸ್ಪೆಕ್ಟರ್ ಬಂದು ಕೂತಾಗಲೆಲ್ಲ ಬಟ್ಟಲು ಮುಂದಿಟ್ಟು, ಕಂಡದ್ದನ್ನು ಹೇಳುವವನು. ವರ್ಷಗಟ್ಟಲೆ ಬಂದ ಪಾತ್ರ. ಮಾರುಕಟ್ಟೆಯಲ್ಲಿ ಜನ ಗುರುತು ಹಿಡಿಯತೊಡಗಿದ್ದರು. ಆ ಧಾರಾವಾಹಿಯೂ ನಿಂತಿತು, ಕತ್ತಿವರಸೆಯವು ಅದಕ್ಕೂ ಮೊದಲೇ ನಿಂತಿದ್ದವು. ಕೊನೆಯ ವರ್ಷಗಳಲ್ಲಿ ಟೀವಿಯವರು ಅವರನ್ನು ಕರೆಯುತ್ತಿದ್ದುದು ಆಸ್ಪತ್ರೆಯ ಹಾಸಿಗೆಯ ಮೇಲಿನ ಅಜ್ಜನ ಪಾತ್ರಕ್ಕೆ. ಉಳಿದ ದಿನಗಳಲ್ಲಿ ಹಳೆಯ ಸ್ಟುಡಿಯೋದ ಪಾರ್ಕಿನಲ್ಲಿ, ನೋಡಲು ಬಂದ ಶಾಲಾ ಮಕ್ಕಳ ಮುಂದೆ ಸಾಯುತ್ತಿದ್ದರು.

ಪಾರ್ಕು

ಆ ಪಾರ್ಕಿನಲ್ಲಿ ಮೊರಿತಾ ಎಂಬ ಹಿರಿಯರನ್ನು ಭಾವ ಭೇಟಿ ಮಾಡಿಸಿದ. ಅವರೂ ದೊಡ್ಡ ಕೋಣೆಯವರು, ಈಗ ಹೊಸಬರಿಗೆ ಕತ್ತಿ ಕಲಿಸುತ್ತಾರೆ. ಪರಿಚಯವಾದ ಕೂಡಲೇ ಅವರು ಹೇಳಿದ್ದು, ನಿಮ್ಮ ಅಕ್ಕನ ಮಾವನನ್ನು ಎಲ್ಲರಿಗಿಂತ ಹೆಚ್ಚು ಸಲ ಕೊಂದವನು ನಾನೇ, ಎಂದು. ನಾಯಕನ ಬೆನ್ನು ಮಾತ್ರ ಕಾಣುವ ದೃಶ್ಯಗಳಲ್ಲಿ ಕತ್ತಿ ಬೀಸುತ್ತಿದ್ದುದು ಇವರಂತೆ.

ಬಿದಿರಿಗೆ ಬೆಳ್ಳಿ ಕಾಗದ ಅಂಟಿಸಿದ ಕತ್ತಿಯನ್ನು ನನ್ನ ಕೈಗೆ ಕೊಟ್ಟು, ತಮ್ಮನ್ನು ಕಡಿಯಲು ಹೇಳಿದರು. ನಾನು ಹೆದರಿ ಹೆದರಿ ಬೀಸಿ, ಅವರ ಮೊಣಕೈಗೇ ಸರಿಯಾಗಿ ಹೊಡೆದೆ. ಆ ಹಿರಿಯರು ನನ್ನ ಕ್ಷಮೆ ಕೇಳಿದರು. ಆ ದೇಶದಲ್ಲಿ ಪೆಟ್ಟು ತಿಂದವರೇ ಮೊದಲು ಕ್ಷಮೆ ಕೇಳುತ್ತಾರೆಂದು ಕಾಣುತ್ತದೆ. ಆಮೇಲೆ ಮೊಣಕೈ ಉಜ್ಜಿಕೊಳ್ಳುತ್ತ ಅವರು ಹೇಳಿದ್ದು: ಬೀಸುವವನದು ಏನೂ ಇಲ್ಲ. ಯಾವ ಕಾಲಿನ ಮೇಲೆ ತಿರುಗಬೇಕು, ನಾಯಕನ ಮುಖ ಮರೆಯಾಗದಂತೆ ಎತ್ತ ಬೀಳಬೇಕು, ಕಣ್ಣು ಯಾವಾಗ ಮುಚ್ಚಬೇಕು, ಎಲ್ಲವೂ ಬೀಳುವವನ ಕೆಲಸ. ತಕಾಶಿಯ ಅಪ್ಪ ಹಿಂದಕ್ಕೆ ಬಿಲ್ಲಿನಂತೆ ಬಾಗಿ ಬೀಳುತ್ತಿದ್ದ. ಅವನು ಬಿದ್ದದ್ದರಿಂದ ನಾಯಕರಾದವರು ಎಷ್ಟೋ ಜನ.

ಅಕ್ಕ ಜೊತೆಗೆ ಬಂದಿರಲಿಲ್ಲ. ಕರೆದರೆ, ನೀವು ಹೋಗಿಬರ್ರಿ ಅಂದಿದ್ದಳು. ಆ ಪಾರ್ಕಿಗೆ ಅವಳು ಒಂದು ವರ್ಷದಿಂದ ಕಾಲಿಟ್ಟಿಲ್ಲವೆಂದು ಮೊರಿತಾ ಹೇಳಿದರು. ಅದಕ್ಕೆ ಮುಂಚೆ ಮಾವನ ಊಟದ ಡಬ್ಬಿ ತರುತ್ತಿದ್ದಳಂತೆ.

ಉಪ್ಪು

ಪೂಜೆಯ ಹಿಂದಿನ ದಿನ ಮಂಡಕ್ಕಿ ಒಗ್ಗರಣೆ ಹಾಕಲು ಕೂತೆ. ಉಪ್ಪಿನ ಡಬ್ಬಿ ಖಾಲಿ. ಹುಡುಕಿದಾಗ ಡ್ರಾಯರಿನ ಒಳಗೆ ಪುಟ್ಟ ಪುಟ್ಟ ಬಿಳಿ ಪೊಟ್ಟಣಗಳು ಸಿಕ್ಕವು. ಒಂದನ್ನು ಹರಿದು ನಾಲಿಗೆಗಿಟ್ಟೆ, ಉಪ್ಪು. ಹೋಟೆಲಿನಿಂದ ತಂದಿಟ್ಟಿದ್ದಾರೆ ಅಂದುಕೊಂಡು ನಾಲ್ಕೈದು ಹರಿದು ಸುರಿದೆ.

ಭಾವ ಒಳಗೆ ಬಂದು ಆ ಹರಿದ ಪೊಟ್ಟಣಗಳನ್ನು ನೋಡಿ ನಿಂತುಬಿಟ್ಟ. ಅವು ಸಾವಿನ ಮನೆಯಲ್ಲಿ ಕೊಡುವ ಉಪ್ಪು. ಅಂತ್ಯಕ್ರಿಯೆಗೆ ಹೋದವರು ಮರಳಿ ಬಂದಾಗ, ಹೊಸ್ತಿಲು ದಾಟುವ ಮೊದಲು ಮೈಮೇಲೆ ಚೆಲ್ಲಿಸಿಕೊಳ್ಳಬೇಕು, ಸಾವು ಹಿಂದೆ ಬರಬಾರದೆಂದು. ಅದನ್ನು ನಾನು ಒಗ್ಗರಣೆಗೆ ಹಾಕಿದ್ದೆ. ಭಾವ ಬಾಣಲೆಯೊಳಗೆ ಇಣುಕಿ, ಒಂದು ಹಿಡಿ ತಿಂದು, ಚೆನ್ನಾಗಿದೆ ಅಂದ. ಆಮೇಲೆ ನಗಲಾರಂಭಿಸಿದ. ಈ ಉಪ್ಪಿನಲ್ಲಿ ತಪ್ಪು ಮಾಡುವುದು ನಿಮ್ಮ ಮನೆತನದ ವಾಡಿಕೆ ಅಂದ.

ಅಕ್ಕ ಮದುವೆಯಾಗಿ ಆ ಮನೆಗೆ ಬಂದ ಹೊಸದರಲ್ಲಿ, ಮಾವನ ಸಾವೊಂದು ಟೀವಿಯಲ್ಲಿ ಬಂತು. ಇಡೀ ದೇಶದ ಕಣ್ಣು ಬಿತ್ತೆಂದು ಅವಳಿಗೆ ಕಳವಳ. ನಮ್ಮವ್ವ ಇದ್ದಿದ್ದರೆ ಏನು ಮಾಡುತ್ತಿದ್ದಳೋ ಅದನ್ನೇ ಅವಳು ಮಾಡಿದಳು. ಮರುದಿನ ಅವರು ಚಿತ್ರೀಕರಣ ಮುಗಿಸಿ ಬರುವಾಗ ಹಿಡಿ ಉಪ್ಪು ಹಿಡಿದು ಬಾಗಿಲಿಗೆ ಬಂದು, ದೃಷ್ಟಿ ತೆಗೆಯಲು ಕೈ ಎತ್ತಿದಳು. ಮಾವ ಬೆಚ್ಚಿ ನಿಂತರು. ಅಂದಿನ ಚಿತ್ರೀಕರಣದಲ್ಲೂ ಅವರು ಸತ್ತೇ ಬಂದಿದ್ದರು. ನನ್ನ ಸಾವಿನಿಂದ ನಾನೇ ಮರಳಿ ಬಂದಿದ್ದೇನೆಂದು ಈ ಹುಡುಗಿ ಉಪ್ಪು ಹಾಕುತ್ತಿದ್ದಾಳೆ, ಎಂದು ಅವರು ತಿಳಿದರು. ಬೆನ್ನ ಮೇಲೂ ಚೆಲ್ಲಲೆಂದು ತಿರುಗಿ ನಿಂತರು. ಆಮೇಲೆ ಹೊಸ್ತಿಲ ಮೇಲೆ ಕೂತು ಕಣ್ಣಲ್ಲಿ ನೀರು ಬರುವವರೆಗೆ ನಕ್ಕರಂತೆ. ಅಷ್ಟು ವರ್ಷ ಸತ್ತರೂ ಯಾರಿಗೂ ಇದು ಹೊಳೆದಿರಲಿಲ್ಲ ಅಂದರಂತೆ.

ಅಲ್ಲಿಂದ ಅದೇ ರೂಢಿಯಾಯಿತು. ಸತ್ತ ದಿನ ಸ್ಟೇಷನ್ನಿನಿಂದ ಫೋನ್ ಮಾಡಿ, ಸತ್ತಿದ್ದೇನೆ, ಬರುತ್ತಿದ್ದೇನೆ, ಅನ್ನುವರು. ಅವಳು ಉಪ್ಪು ಹಿಡಿದು ಬಾಗಿಲಲ್ಲಿ ನಿಲ್ಲುವಳು. ಅವಳದು ದೃಷ್ಟಿ, ಅವರದು ಸೂತಕ. ಇಬ್ಬರೂ ಬೇರೆ ಬೇರೆ ಅರ್ಥದಲ್ಲಿ ಮಾಡುತ್ತಿದ್ದೇವೆಂದು ತಿಳಿಯಲು ಬಹಳ ಕಾಲ ಹಿಡಿಯಿತು. ತಿಳಿದ ಮೇಲೂ ಬಿಡಲಿಲ್ಲ.

ಭಾವ ಇದನ್ನು ಹೇಳುವಾಗ ಅಕ್ಕ ಬಾಗಿಲ ಬಳಿ ಬಂದು ನಿಂತಿದ್ದನ್ನು ನಾವಿಬ್ಬರೂ ನೋಡಿರಲಿಲ್ಲ. ಅವಳು ಹರಿದ ಪೊಟ್ಟಣಗಳನ್ನು ಒಂದೊಂದಾಗಿ ಆರಿಸಿ ಕಸದ ಬುಟ್ಟಿಗೆ ಹಾಕಿದಳು. ಮಂಡಕ್ಕಿ ಮುಟ್ಟಲಿಲ್ಲ.

ವರ್ಷದ ಪೂಜೆ

ನಮ್ಮದು ಬೌದ್ಧ ದೀಕ್ಷೆ ತೆಗೆದುಕೊಂಡ ಮನೆ. ಅದಕ್ಕೂ ಮೊದಲು ಹಿರಿಯರು ಉಚ್ಚಂಗೆಮ್ಮನ ಒಕ್ಕಲು. ಅಪ್ಪ ದೇವರ ಪಟಗಳನ್ನೆಲ್ಲ ಇಳಿಸಿ, ದೃಷ್ಟಿ, ತಾಯಿತ, ಹರಕೆ ಯಾವುದೂ ಈ ಮನೆಯಲ್ಲಿ ಕೂಡದು ಅಂದ. ಅವ್ವ ಅವನ ಕಣ್ಣು ತಪ್ಪಿಸಿ ಕೊನೆಯವರೆಗೂ ಉಪ್ಪು ಮೆಣಸಿನಕಾಯಿ ನಿವಾಳಿಸಿದಳು. ನಮಗೆ ಬುದ್ಧನೆಂದರೆ ನೀಲಿ ಬಾವುಟ, ಓದು, ತಲೆ ಎತ್ತಿ ನಡೆಯುವುದು. ಅಲ್ಲಿ ಬುದ್ಧ ಮನೆಗೆ ಬರುವುದು ಯಾರಾದರೂ ಸತ್ತಾಗ. ಪೂಜೆಗೆ ಬಂದ ಭಿಕ್ಷು ಕಾರಿನಲ್ಲಿ ಬಂದು, ಗಂಟೆ ಬಾರಿಸಿ, ನನಗೆ ಒಂದಕ್ಷರವೂ ತಿಳಿಯದ ಸೂತ್ರ ಓದಿದರು. ಮುಗಿದ ಮೇಲೆ ನಾನೂ ಏನಾದರೂ ಹೇಳಬೇಕೆಂದು ಭಾವ ಸನ್ನೆ ಮಾಡಿದ. ನಾನು ಬುದ್ಧಂ ಶರಣಂ ಗಚ್ಛಾಮಿ ಎಂಬ ತ್ರಿಶರಣ ಹೇಳಿದೆ, ಊರಿನ ವಿಹಾರದಲ್ಲಿ ಹೇಳುವ ರಾಗದಲ್ಲೇ. ಭಿಕ್ಷು ತುಂಬ ಮರುಕದಿಂದ, ನಿಮ್ಮ ಮನೆಯಲ್ಲಿ ಈಚೆಗೆ ತೀರಿಕೊಂಡವರು ಯಾರು ಎಂದು ಕೇಳಿದರು. ಯಾರೂ ಇಲ್ಲ, ಮಕ್ಕಳ ಹುಟ್ಟುಹಬ್ಬಕ್ಕೂ ಇದನ್ನೇ ಹೇಳುತ್ತೇವೆ ಅಂದೆ. ಅಕ್ಕ ಅದನ್ನು ಜಪಾನಿಗೆ ತಿರುಗಿಸಲಿಲ್ಲ.

ಮೊರಿತಾ ಬಂದಿದ್ದರು. ಮಾವನ ಪಟದ ಮುಂದೆ ಬಗ್ಗಿ, ಒತ್ಸುಕಾರೆಸಾಮಾ ಅಂದರು. ದಣಿದಿರಿ ಎಂದು ಅದರ ಅರ್ಥ. ಕೆಲಸ ಮುಗಿಸಿ ಹೊರಟವರಿಗೆ ದಿನಾ ಹೇಳುವ ಮಾತು. ಸ್ಟುಡಿಯೋದಲ್ಲಿ ಸತ್ತು ಎದ್ದವರಿಗೂ ಅದನ್ನೇ ಹೇಳುತ್ತಾರಂತೆ.

ಎಲ್ಲರೂ ಹೋದ ಮೇಲೆ ತಟ್ಟೆ ತೊಳೆಯುತ್ತ ಅಕ್ಕ ತಾನಾಗಿಯೇ ಹೇಳಿದಳು. ಅವಳು ಹರಪನಹಳ್ಳಿಯಲ್ಲಿದ್ದ ಆ ಹೆಚ್ಚಿನ ವಾರದಲ್ಲಿ ಮಾವನಿಗೆ ಒಂದು ಟೀವಿ ಧಾರಾವಾಹಿಯಲ್ಲಿ ಪಾತ್ರವಿತ್ತು. ಹಾಸಿಗೆಯ ಮೇಲೆ ಸಾಯುವ ಅಜ್ಜ. ಮುಗಿಸಿ ಸ್ಟೇಷನ್ನಿನಿಂದ ಮನೆಗೆ ಫೋನ್ ಮಾಡಿದರು. ಎತ್ತಲು ಯಾರೂ ಇರಲಿಲ್ಲ. ಕತ್ತಲಾಗುವ ಹೊತ್ತಿಗೆ ಭಾವ ಕಚೇರಿಯಿಂದ ಬಂದಾಗ ಅವರು ಬಾಗಿಲ ಹೊರಗೆ, ಚಳಿಯಲ್ಲಿ, ಬೆನ್ನು ಬಾಗಿಲ ಕಡೆಗೆ ಮಾಡಿ ನಿಂತಿದ್ದರು. ಒಳಗೆ ಬನ್ನಿ ಅಂದಾಗ ಉಪ್ಪಿಲ್ಲದೆಯೇ ಬಂದರು. ಕೆಲವು ದಿನಗಳಲ್ಲಿ ನಿದ್ದೆಯಲ್ಲೇ ಹೋದರು.

ಬೀಗದ ಕೈ ಹುಡುಕುತ್ತಿದ್ದರೇನೋ, ಎಂದೆ. ಭಾವನೂ ನನಗೆ ಅನುಮಾನದಿಂದಲೇ ಹೇಳಿದ್ದ: ನನ್ನ ಅಪ್ಪ ಕಾಯುತ್ತಿದ್ದರೋ, ಬೀಗದ ಕೈ ತಡಕಾಡುತ್ತಿದ್ದರೋ, ಸುಮ್ಮನೆ ಬೀದಿ ನೋಡುತ್ತಿದ್ದರೋ ನನಗೀಗ ಗೊತ್ತಾಗುತ್ತಿಲ್ಲ, ಮೊದಲ ಸಲ ಹೇಗೆ ಹೇಳಿದೆನೋ ಅದೇ ಸುಜಾತಾಳ ತಲೆಯಲ್ಲಿ ಉಳಿಯಿತು, ಎಂದು.

"ಕೈಯಾಗ ಬೀಗದ ಕೈ ಇತ್ತಲೇ," ಅಂದಳು ಅಕ್ಕ.

"ವಯಸ್ಸಾಗಿತ್ತಕ್ಕ. ಹೃದಯ. ನೀನು ನರ್ಸು, ನಿನಗ ನಾ ಹೇಳ್ಬೇಕೇನು?"

"ಗೊತ್ತೈತಿ. ಪೇಷಂಟಿನ ಮನಿಯವ್ರಿಗೆ ನಾನೂ ಹಂಗ ಹೇಳ್ತೀನಿ."

"ಮತ್ತ ಅಪ್ಪನ ಕೂಡ ಯಾಕ ಮಾತಾಡವಲ್ಲಿ?"

ನಲ್ಲಿ ನಿಲ್ಲಿಸಿದಳು. "ಏನಂತ ಮಾತಾಡ್ಲಿ? ಒಂದು ಹಿಡಿ ಉಪ್ಪಿಗೆ ಅಳ್ತೀನಿ ಅನ್ಲೇನು? ಅಪ್ಪ ಕೇಳಿದ್ರ ಏನಂತಾನ ನಿನಗ ಗೊತ್ತಿಲ್ಲೇನು? ಅವ್ವಗ ಏನಂತಿದ್ದ ಹೇಳು. ಅವ್ವ ಬೈಸ್ಕಂಡ್ಲು. ನಾ ಬೈಸ್ಕಳ್ಳಾಕ ಆಗಂಗಿಲ್ಲ, ಇದೊಂದಕ್ಕ."

ನಾನು ಓದಿದವಳು. ತರಗತಿಯಲ್ಲಿ ಇಂಥ ನಂಬಿಕೆಗಳ ಬಗ್ಗೆ ಅಪ್ಪನ ಹಾಗೇ ಮಾತಾಡುವವಳು. ಆ ಅಡುಗೆಮನೆಯಲ್ಲಿ ಒರೆಸುವ ಬಟ್ಟೆ ಎತ್ತಿಕೊಂಡೆ. ಅವಳು ಮತ್ತೆ ನಲ್ಲಿ ತಿರುಗಿಸಿದಳು, ನಾನು ತಟ್ಟೆ ಒರೆಸಿದೆ. ಎಷ್ಟು ತಟ್ಟೆ, ಎಷ್ಟು ಹೊತ್ತು, ನೆನಪಿಲ್ಲ.

ಬಸ್ ನಿಲ್ದಾಣ

ವಿಮಾನ ನಿಲ್ದಾಣದ ಬಸ್ಸಿಗೆ ಅವಳೊಬ್ಬಳೇ ಬಿಡಲು ಬಂದಳು. ಅಪ್ಪನಿಗೆಂದು ಉಣ್ಣೆಯ ಕಾಲುಚೀಲ, ಬಿಪಿ ನೋಡುವ ಯಂತ್ರ ಕೊಟ್ಟಳು. ಯಂತ್ರ ಕಟ್ಟುವುದು ಹೇಗೆ, ಯಾವ ತೋಳಿಗೆ, ಊಟಕ್ಕೆ ಮೊದಲೋ ಆಮೇಲೋ, ಎಲ್ಲ ಹೇಳಿದಳು. ನಮ್ಮೂರಿಗೆ ಬರುತ್ತೀಯಾ ಎಂದು ಕೇಳಿದೆ. ರಜೆ ನೋಡಬೇಕು ಅಂದಳು. ಆ ಊರಿನ ಬಸ್ಸುಗಳು ಹೇಳಿದ ಹೊತ್ತಿಗೆ ಬಂದುಬಿಡುತ್ತವೆ. ನಮ್ಮ ಕಡೆಯ ಬಸ್ಸಾಗಿದ್ದರೆ ಇನ್ನೂ ಅರ್ಧ ತಾಸು ಮಾತಾಡಬಹುದಿತ್ತು.

ಚಾಲಕ ನನ್ನ ಚೀಲವನ್ನು ಒಳಗಿಟ್ಟು, ಬಗ್ಗಿ, ಕಾದು ನಿಂತ. ಮೆಟ್ಟಿಲ ಮೇಲೆ ನಿಂತು ಕೊನೆಗೂ ಕೇಳಿದೆ. ನಾನು ಕೇಳಿದ ಮಾತುಗಳು ಕೊನೆಯಲ್ಲಿ ಬರೆದಿರುವವೇ ಎಂದು ಪ್ರಮಾಣ ಮಾಡಲಾರೆ, ಅರ್ಥ ಮಾತ್ರ ಇದೇ. ಅವಳು ನನ್ನ ಮುಖ ನೋಡಿದಳು, ಬಾಯಿ ತೆರೆದಳು. ಹಿಂದಿನವರು ಹತ್ತಬೇಕಿತ್ತು, ನಾನು ಒಳಗೆ ಸರಿದೆ. ಊರಿಗೆ ಬಂದ ಮೇಲೆ ಅದನ್ನೇ ಫೋನಿನಲ್ಲಿ ಬರೆದು ಕಳಿಸಿದೆ. ನೋಡಿದ್ದಾಳೆ. ಅಪ್ಪ ದಿನಾ ಬೆಳಿಗ್ಗೆ ತೋಳಿಗೆ ಆ ಪಟ್ಟಿ ಕಟ್ಟಿಸಿಕೊಂಡು, ಅಂಕಿ ನೋಡುವ ಬದಲು ನನ್ನ ಮುಖ ನೋಡುತ್ತಾನೆ. ನಾನು ಕೇಳಿದ್ದು, ಬರೆದು ಕಳಿಸಿದ್ದು ಇಷ್ಟೇ:

"ಅಕ್ಕಾ, ಸಿಟ್ಟು ಅಪ್ಪನ ಮ್ಯಾಲೈತೋ, ನಿನ್ನ ಮ್ಯಾಲೈತೋ? ಎರಡರಾಗ ಯಾವುದನ್ನ ಅವಗ ಹೇಳ್ಲಿ?"